ಹಳೆಯ ಪ್ಲೇಟು, ಹೊಸ ಹೊಳಪು

ಹಳೆಯ ಸಂಗೀತದ ಧ್ವನಿಮುದ್ರಿಕೆಗಳು ‘ಹೈ ರೆಸೊಲ್ಯೂಷನ್’ ಎಂಬ ಬಿರುದು ಹೊತ್ತು ಮತ್ತೆ ಬರುತ್ತಿರುವ ಕಾಲವಿದು. ಅಮೆರಿಕದ ಜಾಝ್‌ಗೆ ದೊರೆತ ಈ ಮರುಜನ್ಮ ನಮ್ಮ ಧಾರವಾಡ, ಹುಬ್ಬಳ್ಳಿಯ ಗಾಯಕರಿಗೂ ದೊರೆಯಲೆಂದು ಬಯಸುವವರಲ್ಲಿ ನಾವೂ ಸೇರಿದ್ದೇವೆ. ಆದರೆ ಬಿರುದಿಗೆ ತಲೆದೂಗುವ ಮುನ್ನ ಸ್ವಲ್ಪ ಪರೀಕ್ಷಿಸಬೇಕು.

ಸಿಡಿಯಲ್ಲಿ ಧ್ವನಿಯನ್ನು ಸೆಕೆಂಡಿಗೆ 44,100 ಬಾರಿ, 16 ಬಿಟ್‌ಗಳಲ್ಲಿ ಅಳೆಯುತ್ತಾರೆ. ಹೊಸ ವಿಧಾನದಲ್ಲಿ 96,000 ಬಾರಿ, 24 ಬಿಟ್‌ಗಳಲ್ಲಿ. ಹಳೆಯ ಪ್ಲೇಟಿನ ಗೀರುಗಳ ಸದ್ದನ್ನು ಗುರುತಿಸಿ ತೆಗೆಯುವವರಿಗೆ ಈ ಸೂಕ್ಷ್ಮತೆ ನೆರವಾಗುತ್ತದೆ. ಕೇಳುಗರಿಗೆ ಲಾಭ ಅಷ್ಟಿಲ್ಲ. ಮನುಷ್ಯನ ಕಿವಿಯ ಮೇಲ್ಮಿತಿಯಾದ ಸುಮಾರು 20,000 ಹರ್ಟ್ಸನ್ನು ಸಿಡಿಯೇ ಮುಟ್ಟುತ್ತದೆ. 1930ರ ದಶಕದ ಅರಗಿನ ಪ್ಲೇಟು ಅದಕ್ಕಿಂತ ಬಹಳ ಕೆಳಗೇ ನಿಲ್ಲುತ್ತಿತ್ತು. ಅಲ್ಲದೆ, ವಿಕ್ರೋಳಿಯಿಂದ ಸಿಎಸ್‌ಎಂಟಿಗೆ ಹೋಗುವ ಲೋಕಲ್ ಗಾಡಿಯ ಗದ್ದಲದಲ್ಲಿ ಬ್ಲೂಟೂತ್ ಇಯರ್‌ಫೋನಿನಿಂದ ಕೇಳುವವರಿಗೆ ಆ ಹೆಚ್ಚಿನ ಬಿಟ್‌ಗಳಿಂದ ಏನು ದಕ್ಕೀತು?

ನಿಜವಾದ ಪ್ರಶ್ನೆ ಬೇರೆಯೇ ಇದೆ: ಪ್ಲೇಟನ್ನು ಯಾವ ವೇಗದಲ್ಲಿ ತಿರುಗಿಸಿದರು? ‘78’ ಎನ್ನುವುದು ರೂಢಿಯ ಹೆಸರು. ಎಲ್ಲ ಪ್ಲೇಟುಗಳೂ ಆ ವೇಗದಲ್ಲೇ ಕೊರೆದವಲ್ಲ. ನಿಮಿಷಕ್ಕೆ 74 ಸುತ್ತಿನಲ್ಲಿ ಕೊರೆದದ್ದನ್ನು 78ರಲ್ಲಿ ತಿರುಗಿಸಿದರೆ ಷಡ್ಜವು ಹೆಚ್ಚುಕಡಿಮೆ ಕೋಮಲ ರಿಷಭದ ಎತ್ತರಕ್ಕೆ ಏರುತ್ತದೆ. ಗಾಯಕರ ಕಂಠದ ಬಣ್ಣವೇ ಬದಲಾಗುತ್ತದೆ.

ಇದಕ್ಕೆ ಗಂಗೂಬಾಯಿ ಹಾನಗಲ್ಲರಿಗಿಂತ ಒಳ್ಳೆಯ ಉದಾಹರಣೆ ಬೇಡ. 1930ರ ದಶಕದಲ್ಲಿ ಅವರು ಮುಂಬಯಿಗೆ ಬಂದು ಎಚ್‌ಎಂವಿ ಕಂಪನಿಗೆ ‘ಗಾಂಧಾರಿ’ ಎಂಬ ಹೆಸರಿನಲ್ಲಿ ಹಾಡಿದರು. ಆಗಿನದು ಎತ್ತರದ, ತೆಳುವಾದ ಕಂಠ. ಗಂಟಲಿನ ಚಿಕಿತ್ಸೆಯ ಅನಂತರ ಬಂದದ್ದು ನಾವೆಲ್ಲ ಬಲ್ಲ ಆ ಗಂಭೀರ ನಾದ. ಹಳೆಯ ಪ್ಲೇಟನ್ನು ಇಂದು ಮೊದಲ ಬಾರಿಗೆ ಕೇಳುವ ತರುಣನು, ಈ ಎತ್ತರದಲ್ಲಿ ಕಂಠದ್ದೆಷ್ಟು, ಯಂತ್ರದ್ದೆಷ್ಟು ಎಂದು ತಿಳಿಯುವುದು ಹೇಗೆ? ವೇಗವನ್ನು ಪರಿಶೀಲಿಸಿ, ಅದನ್ನು ಬರೆದು ತಿಳಿಸದ ಮರುಮುದ್ರಣವು ಎಷ್ಟೇ ಬಿಟ್‌ಗಳದಾದರೂ ಅಪೂರ್ಣವೇ.

ದೊಡ್ಡ ಕಂಪನಿಗಳೂ ಇದರಲ್ಲಿ ಎಡವಿದ್ದುಂಟು. ಮೈಲ್ಸ್ ಡೇವಿಸ್‌ನ 1959ರ ‘ಕೈಂಡ್ ಆಫ್ ಬ್ಲೂ’ ಮುದ್ರಿಸುವಾಗ ಒಂದು ಟೇಪು ಯಂತ್ರ ನಿಧಾನವಾಗಿ ಓಡಿದ್ದರಿಂದ ಮೊದಲ ಬದಿಯ ಮೂರು ಕೃತಿಗಳು ತುಸು ಏರಿದ ಶ್ರುತಿಯಲ್ಲೇ ಲೋಕಕ್ಕೆ ಕೇಳಿಸಿದವು. ಸರಿಪಡಿಸಿದ್ದು 1992ರಲ್ಲಿ. ಅದಕ್ಕೆ ನೆರವಾದದ್ದು ಬಿಟ್‌ಗಳ ಸಂಖ್ಯೆಯಲ್ಲ. ಸರಿಯಾದ ವೇಗದಲ್ಲಿ ಓಡಿದ್ದ ಇನ್ನೊಂದು ಯಂತ್ರದ ಟೇಪು.

ಸದ್ದು ತೆಗೆಯುವ ಉತ್ಸಾಹಕ್ಕೂ ಮಿತಿ ಬೇಕು. ಕರಕರ ಸದ್ದಿನ ಜೊತೆಗೆ ತಂಬೂರಿಯ ಝೇಂಕಾರವೂ ಗಾಯಕರ ಉಸಿರೂ ಹೋದರೆ ಉಳಿಯುವುದು ಒಣಗಿದ ಸ್ವರ. ಸ್ವಲ್ಪ ಸದ್ದನ್ನು ನಾವು ಸಹಿಸಬಲ್ಲೆವು.

ಮುಂಬಯಿಯಲ್ಲಿ 1990ರಲ್ಲಿ ಹುಟ್ಟಿದ ಸೊಸೈಟಿ ಆಫ್ ಇಂಡಿಯನ್ ರೆಕಾರ್ಡ್ ಕಲೆಕ್ಟರ್ಸ್‌ನಂಥ ಸಂಗ್ರಾಹಕರ ಕೂಟಗಳು ಪ್ಲೇಟಿನ ಚೀಟಿ, ಸಂಖ್ಯೆಗಳಿಗೂ ಬೆಲೆಯುಂಟೆಂದು ತೋರಿಸಿವೆ. ಮನೆಯ ಅಟ್ಟದಲ್ಲಿ ಇಂಥ ಪ್ಲೇಟುಗಳಿರುವ ಓದುಗರು ಅವನ್ನು ಗುಜರಿಯವನಿಗೆ ಕೊಡದಿರಲಿ. ನಾಳೆ ಯಾರದೋ ಶ್ರುತಿಯನ್ನು ಸರಿಪಡಿಸಲು ಆ ಒಂದು ಪ್ರತಿಯೇ ಆಧಾರವಾಗಬಹುದು.