ಮುಯ್ಯಿಗೆ ಮುಯ್ಯಿ: ಒಂದು ಗ್ರಂಥವಿಮರ್ಶೆ

ಮನುಷ್ಯನಿಗೆ ತನ್ನ ಹಿತವೇ ಮೊದಲು ಎಂಬುದನ್ನು ಅಲ್ಲಗಳೆಯುವವರು ವಿರಳ. ಆದರೂ ಮನುಷ್ಯರು ಒಬ್ಬರಿಗೊಬ್ಬರು ಆಸರೆಯಾಗಿ, ಕೊಟ್ಟು ಕೊಂಡು, ಆಡಿದ ಮಾತಿಗೆ ನಡೆದು ಬಾಳುತ್ತಿರುವುದೂ ಪ್ರತ್ಯಕ್ಷಸಿದ್ಧವಾಗಿದೆ. ಇವೆರಡಕ್ಕೂ ಹೊಂದಿಕೆಯಾದುದು ಹೇಗೆ? ದಂಡದ ಭಯದಿಂದ ಎಂದು ಕೆಲವರು, ಧರ್ಮಬುದ್ಧಿಯಿಂದ ಎಂದು ಕೆಲವರು, ಹುಟ್ಟುಗುಣದಿಂದ ಎಂದು ಮತ್ತೆ ಕೆಲವರು ಹೇಳುತ್ತ ಬಂದಿರುವರು. ಅಮೆರಿಕಾ ದೇಶದ ಮಿಚಿಗನ್ ವಿಶ್ವವಿದ್ಯಾನಿಲಯದ ರಾಜ್ಯಶಾಸ್ತ್ರಜ್ಞರಾದ ರಾಬರ್ಟ್ ಆಕ್ಸೆಲ್‌ರಾಡ್ ಎಂಬವರು ೧೯೮೪ರಲ್ಲಿ ಪ್ರಕಟಿಸಿದ ‘ದಿ ಎವಲ್ಯೂಷನ್ ಆಫ್ ಕೋಆಪರೇಷನ್’, ಎಂದರೆ ‘ಸಹಕಾರದ ವಿಕಾಸ’ ಎಂಬ ಗ್ರಂಥವು ನಾಲ್ಕನೆಯದೊಂದು ಉತ್ತರವನ್ನು ಕೊಡುತ್ತದೆ. ದಂಡಧರನಿಲ್ಲದಿದ್ದರೂ, ಧರ್ಮಬುದ್ಧಿಯಿಲ್ಲದಿದ್ದರೂ, ನಾಳೆಯೂ ನಾಡಿದ್ದೂ ಒಬ್ಬರನ್ನೊಬ್ಬರು ಇದಿರುಗೊಳ್ಳಲೇಬೇಕಾದ ಇಬ್ಬರು ಸ್ವಾರ್ಥಿಗಳ ನಡುವೆ ಸಹಕಾರವು ತಾನಾಗಿ ಬೆಳೆಯಬಲ್ಲದು ಎಂಬುದೇ ಆ ಉತ್ತರ.

ಗ್ರಂಥವು ಹೊರಬಂದು ನಾಲ್ವತ್ತು ವರ್ಷಗಳು ಕಳೆದಿವೆ. ಆದರೂ ಈಗ ಅದನ್ನು ವಿಮರ್ಶೆಗೆ ಎತ್ತಿಕೊಳ್ಳುವುದಕ್ಕೆ ಕಾರಣವುಂಟು. ಗ್ರಂಥವನ್ನು ಓದಿದವರಿಗಿಂತ ಅದರ ಸಾರವೆಂದು ಹೇಳಲಾಗುವ ಒಂದು ಮಾತನ್ನು ಕೇಳಿದವರೇ ಹೆಚ್ಚು. ‘ಏಟಿಗೆ ಏಟೇ ಸರಿಯಾದ ನೀತಿಯೆಂದು ಗಣಕಯಂತ್ರವೇ ಸಿದ್ಧಮಾಡಿ ತೋರಿಸಿದೆ’ ಎಂಬ ಈ ಮಾತು ಸಭೆಗಳಲ್ಲಿಯೂ ಮನೆಯ ಜಗಲಿಯಲ್ಲಿಯೂ ಕೇಳಿಬರುತ್ತದೆ. ಮಕ್ಕಳ ಕಿವಿಗೂ ಬೀಳುತ್ತದೆ. ಗ್ರಂಥವು ಹೇಳಿದುದು ಇದೆಯೆ? ಹೇಳಿದುದನ್ನು ಅದು ಸಿದ್ಧಮಾಡಿದೆಯೆ? ಈ ಎರಡು ಪ್ರಶ್ನೆಗಳೇ ಪ್ರಸ್ತುತ ಲೇಖನದ ವಿಷಯ.

ಜಾನ್ ಫಾನ್ ನಾಯ್ಮನ್, ಆಸ್ಕರ್ ಮಾರ್ಗನ್‌ಸ್ಟರ್ನ್ ಎಂಬ ವಿದ್ವಾಂಸರಿಬ್ಬರು ೧೯೪೪ರಲ್ಲಿ ಪ್ರಕಟಿಸಿದ ಉದ್ಗ್ರಂಥದಿಂದ ‘ಗೇಮ್ ಥಿಯರಿ’ ಎಂಬ ಶಾಸ್ತ್ರವು ನೆಲೆಗೊಂಡಿತು. ನನಗೆ ದೊರೆಯುವ ಫಲವು ನನ್ನ ನಡೆಯೊಂದರಿಂದಲೇ ನಿಶ್ಚಿತವಾಗದೆ ಇದಿರಾಳಿನ ನಡೆಯನ್ನೂ ಅವಲಂಬಿಸಿರುವ ಸಂದರ್ಭಗಳೆಲ್ಲವೂ ಅದಕ್ಕೆ ವಿಷಯ. ಆಟವೆಂದರೆ ಇಲ್ಲಿ ವಿನೋದವಲ್ಲ; ಪಗಡೆಯ ಹಾಸಿನಲ್ಲಿರುವಂತೆ ನಿಯಮವೂ ಗೆಲವೂ ಸೋಲೂ ಮೊದಲೇ ಗೊತ್ತಾಗಿರುವ ಒಂದು ಕಟ್ಟುಪಾಡು. ೧೯೫೦ರಲ್ಲಿ ರ್‍ಯಾಂಡ್ ಸಂಸ್ಥೆಯಲ್ಲಿದ್ದ ಮೆರಿಲ್ ಫ್ಲಡ್, ಮೆಲ್ವಿನ್ ಡ್ರೆಷರ್ ಎಂಬವರು ಇಂತಹ ಆಟವೊಂದನ್ನು ಕಲ್ಪಿಸಿದರು. ಆಲ್ಬರ್ಟ್ ಟಕ್ಕರ್ ಎಂಬ ಗಣಿತಜ್ಞರು ಅದಕ್ಕೆ ಕಥೆಯ ಉಡುಪನ್ನು ತೊಡಿಸಿದರು. ಕೂಡಿ ಅಪರಾಧ ಮಾಡಿದ ಇಬ್ಬರನ್ನು ಬೇರೆ ಬೇರೆ ಕೋಣೆಗಳಲ್ಲಿ ಇರಿಸಿ, ‘ಜೊತೆಗಾರನ ಮೇಲೆ ಸಾಕ್ಷಿ ಹೇಳಿದರೆ ನಿನಗೆ ಬಿಡುಗಡೆ’ ಎಂದು ಒಬ್ಬೊಬ್ಬನಿಗೂ ಆಸೆ ತೋರಿಸುವರು. ಇನ್ನೊಬ್ಬನು ಏನೇ ಮಾಡಲಿ, ಸಾಕ್ಷಿ ಹೇಳುವುದೇ ತನಗೆ ಲಾಭವೆಂದು ಪ್ರತಿಯೊಬ್ಬನೂ ಕಾಣುವನು, ಇಬ್ಬರೂ ಹೇಳುವರು, ಇಬ್ಬರೂ ಸುಮ್ಮನಿದ್ದರೆ ಆಗುತ್ತಿದ್ದುದಕ್ಕಿಂತ ಹೆಚ್ಚಿನ ಶಿಕ್ಷೆಯನ್ನು ಅನುಭವಿಸುವರು. ಇದಕ್ಕೆ ‘ಸೆರೆಯಾಳುಗಳ ಸಂದಿಗ್ಧ’ ಎಂದು ಹೆಸರು.

ಆಕ್ಸೆಲ್‌ರಾಡ್ ಅವರು ಈ ಆಟಕ್ಕೆ ಇಟ್ಟ ಲೆಕ್ಕವಿದು: ಇಬ್ಬರೂ ಸಹಕರಿಸಿದರೆ ಇಬ್ಬರಿಗೂ ೩ ಅಂಕ, ಇಬ್ಬರೂ ವಂಚಿಸಿದರೆ ಇಬ್ಬರಿಗೂ ೧, ಒಬ್ಬನು ವಂಚಿಸಿ ಇನ್ನೊಬ್ಬನು ಸಹಕರಿಸಿದರೆ ವಂಚಕನಿಗೆ ೫, ನಂಬಿದವನಿಗೆ ಸೊನ್ನೆ. ಒಂದೇ ಬಾರಿ ಆಡುವುದಾದರೆ ವಂಚನೆಯೇ ಲಾಭಕರ. ಮತ್ತೆ ಮತ್ತೆ ಆಡಬೇಕಾದಾಗ? ಇದನ್ನು ತಿಳಿಯಲು ಅವರು ವಿದ್ವಾಂಸರಿಂದ ಗಣಕಯಂತ್ರಕ್ಕೆ ಒಪ್ಪುವ ತಂತ್ರಗಳನ್ನು ಬರಮಾಡಿಕೊಂಡು, ಒಂದರೊಡನೊಂದನ್ನು ಆಡಿಸಿದರು. ಲೋಕದ ವ್ಯವಹಾರವನ್ನು ಹೀಗೆ ಯಂತ್ರದೊಳಗೆ ಅನುಕರಿಸಿ ನೋಡುವುದಕ್ಕೆ ‘ಸಿಮ್ಯುಲೇಷನ್’ ಎನ್ನುವರು. ಮೊದಲನೆಯ ಪಂದ್ಯಕ್ಕೆ ೧೪ ತಂತ್ರಗಳು ಬಂದುವು. ಪ್ರತಿಯೊಂದು ಆಟಕ್ಕೂ ೨೦೦ ನಡೆಗಳು. ಗೆದ್ದುದು ಎಲ್ಲಕ್ಕಿಂತಲೂ ಚಿಕ್ಕದಾದ ತಂತ್ರ. ಟೊರಾಂಟೊ ವಿಶ್ವವಿದ್ಯಾನಿಲಯದ ಅನತೋಲ್ ರಾಪೊಪೋರ್ಟ್ ಅವರು ಕಳುಹಿದ ‘ಟಿಟ್ ಫಾರ್ ಟ್ಯಾಟ್’. ಮೊದಲ ನಡೆಯಲ್ಲಿ ಸಹಕರಿಸುವುದು, ಅನಂತರ ಇದಿರಾಳು ಹಿಂದಿನ ನಡೆಯಲ್ಲಿ ಮಾಡಿದುದನ್ನೇ ತಾನೂ ಮಾಡುವುದು, ಇಷ್ಟೇ ಅದರ ವಿಧಾನ. ಈ ಫಲಿತಾಂಶವನ್ನು ಎಲ್ಲರಿಗೂ ತಿಳಿಸಿ ಎರಡನೆಯ ಪಂದ್ಯವನ್ನು ಸಾರಲಾಯಿತು. ಆರು ದೇಶಗಳಿಂದ ೬೨ ತಂತ್ರಗಳು ಬಂದುವು. ಕಳುಹಿದವರಲ್ಲಿ ಹತ್ತು ವರ್ಷದ ಬಾಲಕನೂ ಇದ್ದನು. ಗೆದ್ದುದು ಮತ್ತೆ ಅದೇ.

ಇಲ್ಲಿ ಕನ್ನಡಿಗರಾದ ನಮಗೆ ಒಂದು ಅನುಕೂಲವಿದೆ. ಇಂಗ್ಲಿಷಿನ ಆ ಹೆಸರಿನಲ್ಲಿ ಏಟಿನ ಧ್ವನಿಯೇ ಪ್ರಬಲವಾಗಿದೆ. ನಮ್ಮ ‘ಮುಯ್ಯಿ’ ಎಂಬ ಶಬ್ದವಾದರೋ ಇಬ್ಬಾಯಿಯದು. ಮದುವೆ ಮುಂಜಿಗಳಲ್ಲಿ ಬಂದ ಉಡುಗೊರೆಯನ್ನು ಬರೆದಿಟ್ಟುಕೊಂಡು, ಕೊಟ್ಟವರ ಮನೆಯ ಶುಭಕಾರ್ಯದಲ್ಲಿ ಮರಳಿ ಸಲ್ಲಿಸುವುದೂ ಮುಯ್ಯಿ. ಹಗೆ ತೀರಿಸಿಕೊಳ್ಳುವುದೂ ಮುಯ್ಯಿ. ಗೆದ್ದ ತಂತ್ರದ ಸ್ವಭಾವವನ್ನು ಇದಕ್ಕಿಂತ ಚೆನ್ನಾಗಿ ಹೇಳುವ ಶಬ್ದ ಬೇರೊಂದಿರಲಾರದು. ಅದು ತಾನಾಗಿ ಎಂದೂ ಮೊದಲು ವಂಚಿಸಲಿಲ್ಲ. ಒಂದು ಆಟದಲ್ಲಿಯೂ ಇದಿರಾಳಿಗಿಂತ ಹೆಚ್ಚು ಅಂಕವನ್ನು ಗಳಿಸಲಿಲ್ಲ. ಯಾರನ್ನೂ ಸೋಲಿಸದೆಯೇ ಒಟ್ಟಿನ ಲೆಕ್ಕದಲ್ಲಿ ಎಲ್ಲರನ್ನೂ ಮೀರಿ ನಿಂತಿತು. ಎರಡನೆಯ ಪಂದ್ಯದ ಮೊದಲ ಹದಿನೈದು ಸ್ಥಾನಗಳಲ್ಲಿ ತಾನಾಗಿ ವಂಚಿಸುವ ತಂತ್ರವು ಒಂದೇ ಒಂದು. ಅಸೂಯೆ ಬೇಡ, ವಂಚನೆಯಲ್ಲಿ ಮೊದಲಿಗನಾಗಬೇಡ, ಒಳ್ಳೆಯದಕ್ಕೂ ಕೆಟ್ಟದ್ದಕ್ಕೂ ಮುಯ್ಯಿ ಸಲ್ಲಿಸು, ಅತಿಜಾಣ್ಮೆ ಬೇಡ ಎಂದು ಗ್ರಂಥಕರ್ತರು ಹೇಳುವ ನಾಲ್ಕು ಹಿತವಚನಗಳಲ್ಲಿ ಏಟಿನ ಪಾಲು ಅರ್ಧವಚನ ಮಾತ್ರ. ಆದುದರಿಂದ ಜಗಲಿಯ ಮಾತು ಗ್ರಂಥದ ಮಾತಲ್ಲ. ಮೊದಲನೆಯ ಪ್ರಶ್ನೆಗೆ ಇದೇ ಉತ್ತರ.

ಎರಡನೆಯ ಪ್ರಶ್ನೆ ಇದಕ್ಕಿಂತ ಕಠಿನವಾದುದು. ನೈಯಾಯಿಕರು ಅನುಮಾನಕ್ಕೆ ಐದು ಅವಯವಗಳನ್ನು ಹೇಳುವರು. ಬೆಟ್ಟದಲ್ಲಿ ಬೆಂಕಿಯಿದೆ ಎಂಬುದು ಪ್ರತಿಜ್ಞೆ, ಹೊಗೆಯಿರುವುದರಿಂದ ಎಂಬುದು ಹೇತು, ಹೊಗೆಯಿದ್ದೆಡೆ ಬೆಂಕಿಯಿರುವುದು, ಅಡಿಗೆಯ ಮನೆಯಲ್ಲಿರುವಂತೆ ಎಂಬುದು ಉದಾಹರಣೆ, ಈ ಬೆಟ್ಟದಲ್ಲಿಯೂ ಅಂತಹ ಹೊಗೆಯಿದೆ ಎಂಬುದು ಉಪನಯ, ಕೊನೆಯದು ನಿಗಮನ. ಗಣಕಯಂತ್ರದ ಪಂದ್ಯವು ಈ ಐದರಲ್ಲಿ ಯಾವುದು? ಅದು ಉದಾಹರಣೆ, ಚೆನ್ನಾಗಿ ಗುಡಿಸಿ ಸಾರಿಸಿ, ಒಲೆಯಲ್ಲಿ ಬೆಂಕಿಯೇ ಇರುವಂತೆ ನಾವೇ ಕಟ್ಟಿಕೊಂಡ ಅಡಿಗೆಯ ಮನೆ. ಅದರಿಂದ ಹೇತುವಿನ ಸ್ವರೂಪವು ಸ್ಪಷ್ಟವಾಗುವುದು, ಇದು ಅಲ್ಪಲಾಭವಲ್ಲ. ಆದರೆ ಬೆಟ್ಟದ ಬೆಂಕಿಯನ್ನು ಸಾಧಿಸಬೇಕಾದರೆ ಬೆಟ್ಟವನ್ನೇ ನೋಡಬೇಕು. ಅಲ್ಲಿ ಕಾಣುವುದು ಹೊಗೆಯೋ ಮಂಜೋ ಎಂಬುದನ್ನು ವಿಚಾರಿಸಬೇಕು. ಸಮಾಜವನ್ನು ಕುರಿತ ಅನುಕರಣಪ್ರಯೋಗಗಳೆಲ್ಲವೂ ಗೆಲ್ಲುವುದು ಉದಾಹರಣೆಯಲ್ಲಿ, ಸೋಲುವುದು ಉಪನಯದಲ್ಲಿ ಎಂದು ನಮಗೆ ತೋರುತ್ತದೆ.

ಗ್ರಂಥಕರ್ತರು ಉಪನಯವನ್ನು ಬಿಟ್ಟವರಲ್ಲ. ನಾಲ್ಕನೆಯ ಅಧ್ಯಾಯದಲ್ಲಿ, ೧೯೧೪ರಿಂದ ೧೯೧೮ರವರೆಗಿನ ಮಹಾಯುದ್ಧದ ಪಶ್ಚಿಮರಂಗದ ಕಂದಕಗಳನ್ನು ಅವರು ವರ್ಣಿಸುವರು. ಟೋನಿ ಆ್ಯಶ್‌ವರ್ತ್ ಎಂಬವರು ಆ ಯುದ್ಧದ ದಿನಚರಿ ಪತ್ರಗಳಿಂದ ಸಂಗ್ರಹಿಸಿದ ಸಂಗತಿಗಳೇ ಅದಕ್ಕೆ ಆಧಾರ. ತಿಂಗಳುಗಟ್ಟಲೆ ಒಂದೇ ಶತ್ರುವಿಗೆ ಮುಖಮಾಡಿ ಕುಳಿತ ದಂಡುಗಳು, ಮೇಲಧಿಕಾರಿಗಳು ಬೇಡವೆಂದರೂ, ‘ನೀನು ಹೊಡೆಯಬೇಡ, ನಾನೂ ಹೊಡೆಯೆನು’ ಎಂಬ ಮೂಕ ಒಪ್ಪಂದವನ್ನು ಬೆಳೆಸಿಕೊಂಡವು. ಗೊತ್ತಾದ ವೇಳೆಯಲ್ಲಿ ಗೊತ್ತಾದ ಜಾಗಕ್ಕೆ ಗುಂಡು ಬೀಳುತ್ತಿತ್ತು, ಯಾರಿಗೂ ತಗಲುತ್ತಿರಲಿಲ್ಲ. ಅಧ್ಯಾಯವು ಮನಮುಟ್ಟುವಂತಿದೆ. ಆದರೆ ಇದು ಸೆರೆಯಾಳುಗಳ ಸಂದಿಗ್ಧವೆ? ಆ ಆಟದ ಹೇತುವೆಂದರೆ, ಒಂದು ಬಾರಿಯ ಮಟ್ಟಿಗೆ ವಂಚನೆಯೇ ಲಾಭವೆಂಬುದು. ಕಂದಕದಲ್ಲಿ ಮುದುರಿ ಕುಳಿತ ಸಿಪಾಯಿಯು ತಲೆಯೆತ್ತಿ ಗುಂಡು ಹಾರಿಸಿದರೆ ಅವನಿಗೆ ಬರುವ ಲಾಭವಾದರೂ ಏನು? ಅಪಾಯವೊಂದೇ. ಸುಮ್ಮನಿರುವುದೇ ಅವನಿಗೆ ಅಂದಿನ ಹಿತ. ಅದಕ್ಕೆ ನಾಳೆಯ ಯೋಚನೆ ಬೇಕಾಗಿಲ್ಲ. ಅಂಕಿಶಾಸ್ತ್ರಜ್ಞರಾದ ಆಂಡ್ರ್ಯೂ ಗೆಲ್ಮನ್ ಅವರೂ ಈ ಆಕ್ಷೇಪವನ್ನು ಎತ್ತಿರುವರು. ಸಂದಿಗ್ಧವಿದ್ದುದು ಸೇನಾಪತಿಗಳಿಗೆ, ಸಿಪಾಯಿಗಲ್ಲ. ಇಲ್ಲಿ ಹೊಗೆಯೆಂದು ಕಂಡುದು ಮಂಜು.

ಅದೇ ಅಧ್ಯಾಯದಲ್ಲಿ ಇನ್ನೊಂದು ಸಂಗತಿಯಿದೆ. ಅನಿರೀಕ್ಷಿತವಾಗಿ ಜರ್ಮನರ ಕಡೆಯಿಂದ ಫಿರಂಗಿಯ ಗುಂಡುಗಳು ಬಿದ್ದಾಗ, ಒಬ್ಬ ಜರ್ಮನ್ ಯೋಧನು ಕಂದಕದ ದಿಬ್ಬದ ಮೇಲೆ ಎದ್ದು ನಿಂತು, ಇದು ತಮ್ಮ ಕೆಲಸವಲ್ಲ, ಪ್ರಷ್ಯದ ಫಿರಂಗಿಯವರ ಕೆಲಸ ಎಂದು ಕೂಗಿ ಪಶ್ಚಾತ್ತಾಪವನ್ನು ಸೂಚಿಸಿದನಂತೆ. ಪ್ರಾಣವನ್ನು ಒಡ್ಡಿ ಆಡಿದ ಈ ಒಂದು ಮಾತಿಗೆ ಪಂದ್ಯದಲ್ಲಿ ಎಡೆಯೆಲ್ಲಿದೆ? ಯಂತ್ರದ ಆಟಗಾರರಿಗೆ ನಡೆಯುಂಟು, ನುಡಿಯಿಲ್ಲ. ಕೈತಪ್ಪಿ ಆದುದಕ್ಕೂ ಬೇಕೆಂದು ಮಾಡಿದುದಕ್ಕೂ ಭೇದವಿಲ್ಲ. ಈ ಕೊರತೆಯ ಫಲವು ಲೆಕ್ಕದಲ್ಲಿಯೇ ಕಾಣುತ್ತದೆ. ಮುಯ್ಯಿಯ ತಂತ್ರದವರಿಬ್ಬರು ಆಡುತ್ತಿರುವಾಗ ಒಬ್ಬನ ನಡೆ ಒಮ್ಮೆ ತಪ್ಪಿದರೆ ಸಾಕು, ಇವನ ಏಟಿಗೆ ಅವನದು, ಅವನದಕ್ಕೆ ಇವನದು ಎಂದು ಸರದಿಯು ಮುಗಿಯುವುದೇ ಇಲ್ಲ. ಶಾಲೆಯಲ್ಲಿ ಬಹುಕಾಲ ಕಳೆದವರಿಗೆ ಇದು ಹೊಸತಲ್ಲ: ‘ಅವನು ಮೊದಲು ಹೊಡೆದ ಸಾರ್’ ಎಂದು ಬಂದು ನಿಲ್ಲುವ ಹುಡುಗರಿಬ್ಬರಲ್ಲಿ ಇಬ್ಬರ ಮಾತೂ ನಿಜವಾಗಿಯೇ ಇರುತ್ತದೆ. ಮಾರ್ಟಿನ್ ನೊವಾಕ್, ಕಾರ್ಲ್ ಸಿಗ್ಮಂಡ್ ಎಂಬವರು ೧೯೯೨ರಲ್ಲಿ ನಡೆಗಳು ಆಗಾಗ ತಪ್ಪುವ ಲೋಕವನ್ನು ಲೆಕ್ಕಕ್ಕೆ ತಂದಾಗ, ಕೊನೆಗೆ ಮೇಲುಗೈಯಾದುದು ಕಟ್ಟುನಿಟ್ಟಾದ ಮುಯ್ಯಿಯಲ್ಲ. ಮೇಲೆ ಹೇಳಿದ ಅಂಕಗಳ ಪ್ರಕಾರ ಮೂರು ವಂಚನೆಗಳಲ್ಲಿ ಸುಮಾರು ಒಂದನ್ನು ಕ್ಷಮಿಸಿಬಿಡುವ ಉದಾರ ತಂತ್ರ. ಕ್ಷಮೆಯು ದೌರ್ಬಲ್ಯವೆನ್ನುವವರು ಗಣಕಯಂತ್ರವನ್ನು ಸಾಕ್ಷಿಗೆ ಕರೆಯುವುದಾದರೆ ಈ ಸಾಕ್ಷ್ಯವನ್ನೂ ಕೇಳಬೇಕು.

ಆಟದ ಕಟ್ಟುಪಾಡು ಬದಲಾದರೆ ಗೆಲ್ಲುವವನೂ ಬದಲಾಗುವನು. ೨೦೦೪ರಲ್ಲಿ ಹಳೆಯ ಪಂದ್ಯವನ್ನು ಮತ್ತೆ ನಡೆಸಿದಾಗ ಇಂಗ್ಲೆಂಡಿನ ಸೌತಾಂಪ್ಟನ್ ವಿಶ್ವವಿದ್ಯಾನಿಲಯದವರು ಒಂದು ಗುಂಪು ತಂತ್ರಗಳನ್ನೇ ಕಳುಹಿದರು. ಅವು ಮೊದಲ ಕೆಲವು ನಡೆಗಳ ಸಂಕೇತದಿಂದ ತಮ್ಮವರನ್ನು ಗುರುತಿಸಿಕೊಂಡು, ಅನಂತರ ಹಲವು ತಾವು ಸೋತು ಒಂದೆರಡನ್ನು ಗೆಲ್ಲಿಸಿದವು. ಆಕ್ಸೆಲ್‌ರಾಡ್ ಅವರೂ ಇದಿರಾಳುಗಳು ಯಾರೆಂಬುದನ್ನು ಬಿಟ್ಟು ಸರ್ವೋತ್ತಮವೆನ್ನಬಹುದಾದ ತಂತ್ರವಿಲ್ಲವೆಂದು ಸ್ಪಷ್ಟವಾಗಿ ಬರೆದಿರುವರು. ಎರಡು ವಂಚನೆಗಳಾದ ಮೇಲೆಯೇ ಮುಯ್ಯಿ ತೀರಿಸುವ ತಾಳ್ಮೆಯ ತಂತ್ರವು ಮೊದಲನೆಯ ಪಂದ್ಯದಲ್ಲಿದ್ದಿದ್ದರೆ ಅದೇ ಗೆಲ್ಲುತ್ತಿತ್ತು, ಎರಡನೆಯದಕ್ಕೆ ಬಂದಾಗ ೨೪ನೆಯದಾಯಿತು ಎಂಬುದನ್ನೂ ಮುಚ್ಚಿಟ್ಟಿಲ್ಲ. ಈ ಪ್ರಾಮಾಣಿಕತೆಯು ಶ್ಲಾಘ್ಯವಾದುದು. ಆದರೆ ಇಷ್ಟು ಷರತ್ತುಗಳುಳ್ಳ ಫಲಿತಾಂಶದಿಂದ ವ್ಯಕ್ತಿಗಳಿಗೂ ರಾಷ್ಟ್ರಗಳಿಗೂ ಉಪದೇಶವನ್ನು ಎತ್ತಿಕೊಟ್ಟುದು ಅವಸರವಾಯಿತೆಂದು ಹೇಳದೆ ನಿರ್ವಾಹವಿಲ್ಲ.

ಇವೆಲ್ಲಕ್ಕಿಂತ ದೊಡ್ಡದೆಂದು ನಮಗೆ ತೋರುವ ಕೊರತೆಯನ್ನು ಒಂದು ಹಳೆಯ ಕಥೆಯಿಂದ ವಿಶದಪಡಿಸಬಹುದು. ಮಹಾಭಾರತದ ಶಾಂತಿಪರ್ವದ ಆಪದ್ಧರ್ಮಪ್ರಕರಣದಲ್ಲಿ ಭೀಷ್ಮರು ಧರ್ಮರಾಯನಿಗೆ ಬೆಕ್ಕು ಇಲಿಗಳ ಸಂವಾದವನ್ನು ಹೇಳುವರು. ಲೋಮಶನೆಂಬ ಬೆಕ್ಕು ಬೇಡನ ಬಲೆಗೆ ಸಿಕ್ಕಿದೆ. ಪಲಿತನೆಂಬ ಇಲಿಗೆ ಕೆಳಗೆ ಮುಂಗುಸಿ, ಮೇಲೆ ಗೂಬೆ. ಇಲಿಯು ಬೆಕ್ಕಿನ ಮೈಯಡಿ ಅಡಗಿಕೊಳ್ಳುವುದು, ಪ್ರತಿಯಾಗಿ ಬಲೆಯನ್ನು ಕಡಿಯುವುದು ಎಂದು ಒಪ್ಪಂದವಾಯಿತು. ಮುಂಗುಸಿಯೂ ಗೂಬೆಯೂ ನಿರಾಶೆಯಿಂದ ಹೊರಟುಹೋದುವು. ಆದರೂ ಇಲಿಯು ಅವಸರಪಡಲಿಲ್ಲ. ಬೆಳಗಾಗಿ ಬೇಡನು ಕಣ್ಣಿಗೆ ಬಿದ್ದಾಗಲೇ ಕೊನೆಯ ಹುರಿಯನ್ನು ಕಡಿಯಿತು. ಬೆಕ್ಕು ಮರಕ್ಕೆ ಓಡಿತು, ಇಲಿ ಬಿಲಕ್ಕೆ. ಬಳಿಕ ಬೆಕ್ಕು ಸ್ನೇಹದ ಮಾತಾಡಿ ಎಷ್ಟು ಕರೆದರೂ, ಕಾರಣವು ತೀರಿದ ಮೇಲೆ ಆ ಸ್ನೇಹವೂ ತೀರಿತೆಂದು ಇಲಿಯು ಹೊರಬರಲಿಲ್ಲ.

ಇಲಿಯು ಕಂಡಿದ್ದ ಎರಡು ಸಂಗತಿಗಳು ಪಂದ್ಯದಲ್ಲಿಲ್ಲ. ಮೊದಲನೆಯದು, ಲೋಕದಲ್ಲಿ ಅಂಕಗಳ ಲೆಕ್ಕವು ಗಳಿಗೆಗಳಿಗೆಗೂ ಬದಲಾಗುವುದು; ರಾತ್ರಿಯ ಮಿತ್ರನು ಬೆಳಗಿನ ಶತ್ರು. ಎರಡನೆಯದು, ಆಟಗಾರರು ಸಮಬಲರಲ್ಲ. ಬೆಕ್ಕು ಇಲಿಯನ್ನು ಒಮ್ಮೆ ವಂಚಿಸಿದರೆ ಇಲಿಗೆ ಮುಂದಿನ ನಡೆಯೇ ಇಲ್ಲ, ಮುಯ್ಯಿ ತೀರಿಸುವುದೆಲ್ಲಿಂದ? ಆಕ್ಸೆಲ್‌ರಾಡ್ ಅವರ ಪಂದ್ಯದಲ್ಲಿ ಎಲ್ಲರಿಗೂ ಒಂದೇ ಲೆಕ್ಕ, ಎಲ್ಲರಿಗೂ ತಿರುಗಿ ಹೊಡೆಯುವ ಸಾಮರ್ಥ್ಯ. ಹೆಚ್ಚು ಅಂಕ ಪಡೆದ ತಂತ್ರವು ಹೆಚ್ಚು ಸಂತಾನವನ್ನು ಪಡೆಯುವಂತೆ ಅವರು ಒಂದು ಸಾವಿರ ತಲೆಮಾರುಗಳವರೆಗೆ ಲೆಕ್ಕವನ್ನು ಮುಂದುವರಿಸಿದಾಗ, ದುರ್ಬಲರನ್ನು ಸುಲಿದು ಮೇಲೇರಿದ್ದ ತಂತ್ರವೊಂದು, ಸುಲಿಯುವುದಕ್ಕೆ ದುರ್ಬಲರೇ ಉಳಿಯದೆ ಹೋದಾಗ ತಾನೂ ಕ್ಷೀಣಿಸಿತು. ಅನ್ಯಾಯವು ತಾನಾಗಿ ನಾಶವಾಗುವುದೆಂದು ಓದುಗರು ಇಲ್ಲಿ ಸಮಾಧಾನಪಡುವುದುಂಟು. ಆದರೆ ದುರ್ಬಲರು ಅದಕ್ಕಿಂತ ಮೊದಲೇ ನಾಶವಾಗಿದ್ದರಲ್ಲ! ಲೆಕ್ಕದ ಪುಸ್ತಕದಲ್ಲಿ ಅದು ಒಂದು ಮೆಟ್ಟಿಲು. ಊರಿನಲ್ಲಿ ಅದು ಹಲವು ಮನೆಗಳ ಹಾಳು.

ಶಿಶುವಿಗೆ, ರೋಗಿಗೆ, ಮತ್ತೆಂದೂ ಕಾಣದ ದಾರಿಹೋಕನಿಗೆ ನಾವು ಹೇಗೆ ನಡೆದುಕೊಳ್ಳಬೇಕೆಂಬ ಪ್ರಶ್ನೆಗೆ ಈ ಗ್ರಂಥದಲ್ಲಿ ಉತ್ತರವಿಲ್ಲ. ಉತ್ತರವಿಲ್ಲದುದು ದೋಷವಲ್ಲ, ಅದು ಗ್ರಂಥದ ಎಲ್ಲೆ. ಎಲ್ಲೆಯನ್ನು ಮರೆತು ಓದುವುದು ದೋಷ. ಮುಯ್ಯಿಯ ಲೆಕ್ಕದಿಂದ ಅಂಗಡಿಬೀದಿಯು ನಡೆಯಬಹುದು, ನೆರೆಹೊರೆಯು ನಡೆಯಬಹುದು, ರಾಷ್ಟ್ರಗಳ ಒಪ್ಪಂದಗಳೂ ಕೆಲಕಾಲ ನಡೆಯಬಹುದು. ಮುಯ್ಯಿ ತೀರಿಸಲಾರದವನ ಇದಿರಿಗೆ ನಾವು ನಿಂತಾಗ ಮಾತ್ರ ಧರ್ಮವೆಂಬ ಶಬ್ದದ ಆವಶ್ಯಕತೆಯು ಮೊದಲಾಗುತ್ತದೆ.

ಅಸ್ತು. ಗ್ರಂಥದ ಶೈಲಿಯು ತಿಳಿಯಾದುದು; ಗಣಿತದ ಭಾಗವನ್ನು ಕೊನೆಗೆ ಇರಿಸಿರುವುದರಿಂದ ಸಾಮಾನ್ಯರಿಗೂ ಓದು ಕಷ್ಟವಾಗದು. ದೃಷ್ಟಾಂತವನ್ನು ದೃಷ್ಟಾಂತವೆಂದೇ ತಿಳಿದು ಓದಬಲ್ಲ ವಾಚಕರೆಲ್ಲರೂ ಇದನ್ನು ಓದಲಿ. ಓದಿದವರು, ‘ಗಣಕಯಂತ್ರವೇ ಸಿದ್ಧಮಾಡಿದೆ’ ಎಂದು ಜಗಲಿಯಲ್ಲಿ ಯಾರಾದರೂ ಹೇಳಿದಾಗ, ಹೊಗೆಯೋ ಮಂಜೋ ನೋಡಿದಿರಾ ಎಂದು ಮೆಲ್ಲನೆ ಕೇಳಲಿ.