‘ಸಾಂಗ್ ಆಫ್ ಸಿಲೋನ್’ ಸಾಕ್ಷ್ಯಚಿತ್ರದ ಸಂಗೀತ: ಒಂದು ವಿಮರ್ಶೆ

ಒಂದು ಜನಾಂಗದ ಶ್ರದ್ಧೆಯನ್ನು ವಸ್ತುವಾಗಿ ಉಳ್ಳ ಸಾಕ್ಷ್ಯಚಿತ್ರಕ್ಕೆ ಸಂಗೀತ ರಚಿಸುವವನು ಆ ಜನರ ನಾದಕ್ಕೆ ಎಡೆಮಾಡಿಕೊಡುತ್ತಾನೆಯೋ, ತನ್ನ ನಾದವನ್ನು ಅವರ ಮೇಲೆ ಹೊದಿಸುತ್ತಾನೆಯೋ? ಈ ಪ್ರಶ್ನೆಯ ಪರೀಕ್ಷೆಗೆ 1934ರ ‘ಸಾಂಗ್ ಆಫ್ ಸಿಲೋನ್’ ಚಿತ್ರಕ್ಕಿಂತ ಯೋಗ್ಯವಾದ ಕೃತಿ ನಮಗೆ ತೋರದು. ಇದರ ನಿರ್ದೇಶಕ ಬೇಸಿಲ್ ರೈಟ್. ಸಂಗೀತ ರಚಿಸಿದವನು ಹಿಂಡೆಮಿತ್‌ನ ಶಿಷ್ಯನಾದ ವಾಲ್ಟರ್ ಲೀ. ಹಣ ಕೊಟ್ಟುದು ಸಿಲೋನಿನ ಚಹಾ ಪ್ರಚಾರ ಮಂಡಲಿ. ಈ ಮೂರನೆಯ ಸಂಗತಿಯನ್ನು ಬದಿಗಿರಿಸಿ ಸಂಗೀತವನ್ನು ಹೊಗಳುವುದು ಸುಲಭ, ಆದರೆ ಸರಿಯಲ್ಲ.

ಚಿತ್ರವನ್ನು ದ್ವೀಪದಲ್ಲಿ ಶಬ್ದರಹಿತವಾಗಿ ತೆಗೆದು, ಶಬ್ದವನ್ನು ಆಮೇಲೆ ಇಂಗ್ಲೆಂಡಿನಲ್ಲಿ ಕೂಡಿಸಿದರು. ನಿರೂಪಣೆಯ ಮಾತು ಕ್ಯಾಂಡಿ ರಾಜ್ಯದಲ್ಲಿ ಸೆರೆಯಾಳಾಗಿದ್ದ ರಾಬರ್ಟ್ ನಾಕ್ಸ್‌ನ 1681ರ ಗ್ರಂಥದ್ದು. ಓದಿದ ದನಿ ಸಿಲೋನಿನವನೇ ಆದ ಲಯನಲ್ ವೆಂಟ್‌ನದು. ಆಂಗ್ಲನ ನುಡಿಯನ್ನು ದ್ವೀಪದವನ ಕಂಠ ಹೊತ್ತಿದೆ. ಈ ವೈಚಿತ್ರ್ಯ ಇಡೀ ಚಿತ್ರಕ್ಕೂ ಅನ್ವಯಿಸುತ್ತದೆ.

ಮೊದಲ ಭಾಗದಲ್ಲಿ ಯಾತ್ರಿಕರು ಶ್ರೀಪಾದ ಪರ್ವತವನ್ನೇರುತ್ತಾರೆ. ಎಷ್ಟು ಬಾರಿ ಏರಿದ್ದಾರೆಯೋ ಅಷ್ಟು ಬಾರಿ ಶಿಖರದ ಘಂಟೆಯನ್ನು ಬಾರಿಸುವುದು ಅಲ್ಲಿಯ ವಾಡಿಕೆ. ಚಿತ್ರದಲ್ಲಿ ಘಂಟೆ ಮೊಳಗುತ್ತಲೇ ಹಕ್ಕಿಯೊಂದು ಹಾರುತ್ತದೆ. ನೀರು, ಮರ, ಬುದ್ಧನ ಮೂರ್ತಿ ಒಂದರ ಹಿಂದೊಂದು ಬರುತ್ತಿರಲು ಅನುರಣನವು ಅವುಗಳನ್ನು ತಾಕುತ್ತ ಸಾಗುತ್ತದೆ. ಇಲ್ಲಿ ರಾಗವಿಸ್ತಾರವಿಲ್ಲ, ಭಾವವನ್ನು ಒತ್ತಿ ಹೇಳುವ ವಾದ್ಯಮೇಳವಿಲ್ಲ. ಕಟ್ಟಿದವನು ಪರದೇಶಿಯಾದರೂ, ಭಕ್ತನು ಬಾರಿಸಿದ ನಾದವೇ ಭೂಮಿಯನ್ನೆಲ್ಲ ವ್ಯಾಪಿಸಿತೆಂಬ ಅನುಭವ ನಮಗಾಗುತ್ತದೆ. ಲೀ ತನ್ನ ವಿದ್ಯೆಯನ್ನು ತಡೆದಿಟ್ಟುದೇ ಇಲ್ಲಿಯ ದೊಡ್ಡ ವಿದ್ಯೆ. (1942ರಲ್ಲಿ ಟೊಬ್ರುಕ್ ಬಳಿ ಯುದ್ಧದಲ್ಲಿ ಮಡಿದ ಈತನ ಹೆಸರು ಇಂದು ಬಹುಮಟ್ಟಿಗೆ ಈ ಚಿತ್ರದಿಂದಲೇ ಉಳಿದಿದೆ.)

ಮೂರನೆಯ ಭಾಗ ವ್ಯಾಪಾರದ ದನಿಗಳದು. ತೆಂಗಿನ ಮರ ಹತ್ತುವವನ ಮೇಲೆ ಸರಕಿನ ಬೆಲೆ, ಹಡಗಿನ ವಾರ್ತೆ ಬಂದು ಬೀಳುತ್ತವೆ. ಇದನ್ನು ಕೆಲವರು ಸಾಮ್ರಾಜ್ಯದ ಟೀಕೆಯೆಂದು ಗ್ರಹಿಸುವುದುಂಟು. ನಾವು ಅಷ್ಟು ದೂರ ಹೋಗಲಾರೆವು. ಚಹಾ ತೋಟಗಳಲ್ಲಿ ದುಡಿಯುತ್ತಿದ್ದವರಲ್ಲಿ ಬಹುಪಾಲು ತಮಿಳುನಾಡಿನಿಂದ ಬಂದವರು, ಅವರ ಮಕ್ಕಳು. ಲಯದ ಮನೆಗಳ ನಡುವೆ ಮಾರಿಯಮ್ಮನ ಗುಡಿಯನ್ನು ಕಟ್ಟಿಕೊಂಡವರು. 1948ರ ಪೌರತ್ವದ ಕಾಯಿದೆ ಇವರಲ್ಲಿ ಹೆಚ್ಚಿನವರನ್ನು ನಾಡಿಲ್ಲದವರನ್ನಾಗಿಸಿತು. ಚಿತ್ರದಲ್ಲಿ ಬುದ್ಧನಿಗೆ ಒಂದು ಭಾಗವೇ ಮೀಸಲಾಗಿರುವಾಗ ಇವರ ದೈವಕ್ಕೆ ಶೀರ್ಷಿಕೆಯಿಲ್ಲ. ಕ್ಯಾಂಡಿಯ ಕಲಾವಿದರನ್ನು ಇಂಗ್ಲೆಂಡಿಗೆ ಕರೆಸಿ ಅವರ ಮದ್ದಳೆಯನ್ನು ಮುದ್ರಿಸಿಕೊಂಡವರು ತೋಟದ ತಪ್ಪಟೆಯನ್ನು ನೆನೆಯಲಿಲ್ಲ.

ಕೊನೆಯ ಭಾಗದಲ್ಲಿ ಆ ಕ್ಯಾಂಡಿ ಮದ್ದಳೆ ನರ್ತನವನ್ನು ಹಿಡಿದೆತ್ತುತ್ತದೆ. ಅಲ್ಲಿ ಲೀಯ ಕೈವಾಡ ಅತ್ಯಲ್ಪ. ಕೇಳುವವರಿಗೆ ಅತ್ಯಂತ ಸತ್ಯವೆನಿಸುವುದೂ ಅದೇ. ಆದರೆ ತಪ್ಪಟೆ ಅಂದು ಮಾರಿಯಮ್ಮನ ಹಬ್ಬಕ್ಕೂ ಮೊಳಗುತ್ತಿತ್ತು, ಬೆಳಗಿನ ಜಾವ ಕೂಲಿಗಳನ್ನು ಹಾಜರಿಗೆ ಕರೆಯಲೂ ಮೊಳಗುತ್ತಿತ್ತು. ಶ್ರದ್ಧೆಯೂ ವ್ಯಾಪಾರವೂ ಒಂದೇ ಚರ್ಮದ ಮೇಲೆ ಕೂಡಿದ್ದ ಆ ವಾದ್ಯ ಚಹಾ ಮಂಡಲಿಯ ಚಿತ್ರಕ್ಕೆ ತೀರ ಹತ್ತಿರದಲ್ಲಿಯೇ ಇತ್ತು.