ನವಾಹೋ ಮರಳುಚಿತ್ರ ಮತ್ತು ಅನಿತ್ಯದ ಹೊಗಳಿಕೆ

ಅಮೆರಿಕದ ಮೂಲನಿವಾಸಿಗಳಾದ ನವಾಹೋ ಜನರ ಮರಳುಚಿತ್ರವನ್ನು ಹೊಗಳುವವರು ಬಹಳ ಮಂದಿ, ಹೊಗಳಿಕೆ ಮಾತ್ರ ಬಹುಪಾಲು ಒಂದೇ. ಇಷ್ಟು ಸೊಗಸಾಗಿ ಬಿಡಿಸಿದ್ದನ್ನು ಹೊತ್ತು ಮುಳುಗುವುದರೊಳಗೆ ಅಳಿಸಿಬಿಡುತ್ತಾರೆ, ಎಂಥ ನಿರ್ಮೋಹ, ಎಲ್ಲವೂ ಕ್ಷಣಿಕವೆಂಬ ಎಂಥ ಅರಿವು ಎನ್ನುತ್ತಾರೆ. ಟಿಬೆಟಿನ ಮರಳುಮಂಡಲದ ಪಕ್ಕದಲ್ಲಿಟ್ಟು ನೋಡುವುದೂ ವಾಡಿಕೆಯಾಗಿದೆ. ಪೀಟರ್ ಗೋಲ್ಡ್ ಈ ಎರಡು ಪರಂಪರೆಗಳನ್ನು ಜೋಡಿಸಿ 1994ರಲ್ಲಿ ಇಡೀ ಪುಸ್ತಕವನ್ನೇ ಬರೆದರು. ಅನಿತ್ಯ, ಅಪರಿಗ್ರಹ ಎಂಬ ಮಾತುಗಳನ್ನು ಕೇಳುತ್ತಲೇ ಬೆಳೆದ ನಮಗಂತೂ ಇಂಥ ವ್ಯಾಖ್ಯಾನ ಕೇಳಿದೊಡನೆ ತಲೆದೂಗುವಂತಾಗುತ್ತದೆ. ನಾನು ಇದನ್ನು ಒಪ್ಪಲಾರೆ. ಮರಳುಚಿತ್ರವನ್ನು ಎತ್ತರಕ್ಕೇರಿಸುವ ಭರದಲ್ಲಿ ಈ ಹೊಗಳಿಕೆ ಅದು ಮಾಡುವ ಕೆಲಸವನ್ನೇ ಮರೆಸಿದೆ. ಹೊಗಾನ್ ಎಂಬ ನವಾಹೋ ಮನೆಯೊಳಗೆ, ಆ ಚಿತ್ರದ ನಡುವೆ, ಬೇನೆ ಬಿದ್ದ ಮನುಷ್ಯರೊಬ್ಬರು ಕೂತಿದ್ದಾರೆ ಎನ್ನುವುದೇ ಇಲ್ಲಿ ಕಾಣೆಯಾಗಿದೆ.

ನಾಲ್ಕು ಪವಿತ್ರ ಪರ್ವತಗಳು, ದಿಕ್ಕಿಗೊಂದು ಬಣ್ಣ, ಹೋಜೊ ಎಂಬ ಸುಸ್ಥಿತಿಯ ಕಲ್ಪನೆ ಇವುಗಳನ್ನು ಇಲ್ಲಿ ವಿವರಿಸುವ ಅಗತ್ಯವಿಲ್ಲ. ಚಿತ್ರದ ಬಳಿಗೇ ಹೋಗೋಣ. ಅದು ಹುಟ್ಟುವುದು ಚಿಕಿತ್ಸೆಯ ನಡುವೆ. ಕಣ್ಣು, ಕಿವಿ, ತಲೆಯ ಬೇನೆಗಳಿಗೆ, ಪಾರ್ಶ್ವವಾಯುವಿಗೆ ಮಾಡಿಸುವ ‘ನೈಟ್ ಚಾಂಟ್’ ಒಂಬತ್ತು ರಾತ್ರಿಗಳ ಆಚರಣೆ. ಮೊದಲ ಹಿಮ ಬಿದ್ದು ಹಾವುಗಳು ನೆಲ ಸೇರಿದ ಮೇಲೆಯೇ ಅದನ್ನು ನಡೆಸಬೇಕು. ಹಾಡಿ ಗುಣಪಡಿಸುವ ಹತಾಲಿ ಹೇಳಿದಂತೆ ಸಹಾಯಕರು ಹೊಗಾನಿನ ನೆಲದ ಮೇಲೆ ಹರಡಿದ ಮರಳನ್ನು ಸಮ ಮಾಡಿ, ಅರೆದ ಕಲ್ಲಿನ ಪುಡಿ, ಇದ್ದಿಲಪುಡಿಗಳನ್ನು ಹೆಬ್ಬೆರಳು ತೋರುಬೆರಳಿನ ಸಂದಿನಿಂದ ಜಾರಿಸುತ್ತ ನಡುವಿನಿಂದ ಹೊರಕ್ಕೆ ಬಿಡಿಸುತ್ತಾರೆ. ತಪ್ಪಾದ ಗೆರೆಯ ಮೇಲೆ ನೆಲದ ಮರಳನ್ನೇ ಉದುರಿಸಿ ಮುಚ್ಚಿ ಮತ್ತೆ ಎಳೆಯುತ್ತಾರೆ. ಮೂರು ಕಡೆ ಕಾವಲಿನ ಆಕೃತಿ, ಪೂರ್ವಕ್ಕೆ ತೆರಪು. ಎಲ್ಲವೂ ಸರಿಯಿದೆ ಎಂದು ಹತಾಲಿಗೆ ಖಾತ್ರಿಯಾದ ಮೇಲೆ ರೋಗಿ ಬಂದು ಚಿತ್ರದ ಮೇಲೆಯೇ ಕೂರುತ್ತಾರೆ.

ಮುಂದಿನ ಗಳಿಗೆಯೇ ನನ್ನ ವಾದಕ್ಕೆ ಮುಖ್ಯ. ಹತಾಲಿ ತಮ್ಮ ಅಂಗೈಯನ್ನು ಒದ್ದೆ ಮಾಡಿಕೊಂಡು, ಚಿತ್ರದಲ್ಲಿರುವ ದೇವತೆಯ ಪಾದಕ್ಕೆ ಒತ್ತಿ, ಅಂಟಿದ ಮರಳನ್ನು ರೋಗಿಯ ಪಾದಕ್ಕೆ ಒತ್ತುತ್ತಾರೆ. ಬಳಿಕ ಮೊಣಕಾಲಿನಿಂದ ಮೊಣಕಾಲಿಗೆ, ಕೈಯಿಂದ ಕೈಗೆ, ಭುಜದಿಂದ ಭುಜಕ್ಕೆ, ತಲೆಯಿಂದ ತಲೆಗೆ. ದೇವತೆಯ ಮೈ ಇಷ್ಟಿಷ್ಟಾಗಿ ರೋಗಿಯ ಮೈಗೆ ದಾಟುತ್ತದೆ, ರೋಗಿಯ ಬೇನೆ ಮರಳಿಗೆ ಇಳಿಯುತ್ತದೆ. ಅಷ್ಟು ಹೊತ್ತಿಗೆ ಗೆರೆಗಳೆಲ್ಲ ಕದಡಿಹೋಗಿರುತ್ತವೆ. ಉಳಿದದ್ದನ್ನು ಕೂಡಿಸಿ ಹೊರಗೆ ಉತ್ತರದ ಕಡೆಗೆ ಒಯ್ದು ಹಾಕುತ್ತಾರೆ. ಆ ಮರಳು ಬೇನೆಯನ್ನು ಹೊತ್ತ ಮರಳು, ಅದನ್ನು ಮನೆಯೊಳಗೆ ಇಟ್ಟುಕೊಳ್ಳುವಂತಿಲ್ಲ. ಇದರಲ್ಲಿ ‘ಅಳಿಸುವುದು’ ಎಂಬ ಪ್ರತ್ಯೇಕ ಕ್ರಿಯೆ ಎಲ್ಲಿದೆ? ಕಟ್ಟಿದ್ದನ್ನು ಕೆಡವಿ ವೈರಾಗ್ಯ ಸಾರುವ ಗಳಿಗೆಯಂತೂ ಹುಡುಕಿದರೂ ಸಿಗುವುದಿಲ್ಲ. ಚಿತ್ರ ಬಳಕೆಯಾಯಿತು, ಮುಗಿಯಿತು. ಕುಡಿದ ಕಷಾಯ ಬಟ್ಟಲಿನಲ್ಲಿ ಉಳಿಯಲಿಲ್ಲವೆಂದು ಯಾರೂ ಅನಿತ್ಯದ ಮಾತು ತೆಗೆಯುವುದಿಲ್ಲ.

ನೋಟದ ಪ್ರಶ್ನೆಯೂ ಇದಕ್ಕೇ ಸೇರಿದ್ದು. ಪುಸ್ತಕಗಳಲ್ಲಿ ನಾವು ಕಾಣುವ ಮರಳುಚಿತ್ರ ಮೇಲಿನಿಂದ, ಪೂರ್ತಿಯಾಗಿ, ಒಂದೇ ನೋಟಕ್ಕೆ ಸಿಗುವಂಥದು. ಹೊಗಾನಿನ ನೆಲದಲ್ಲಿ ಕೂತವರಿಗೆ ಅದು ಹಾಗೆ ಕಾಣುವುದೇ ಇಲ್ಲ. ರೋಗಿಗೆ ಕಾಣುವುದು ತನ್ನ ಸುತ್ತ ಹರಡಿದ ಲೋಕ, ಅದೂ ನಡುವಿನಿಂದ. ಧರ್ಮಗಳ ವಿದ್ವಾಂಸ ಸ್ಯಾಮ್ ಗಿಲ್ ಇದನ್ನು ಎತ್ತಿ ತೋರಿಸಿ ದಶಕಗಳೇ ಕಳೆದವು. ಕಲಾವಿಮರ್ಶೆ ಅದನ್ನು ಕಿವಿಗೆ ಹಾಕಿಕೊಂಡಂತಿಲ್ಲ. 1941ರಲ್ಲಿ ನ್ಯೂಯಾರ್ಕಿನ ಆಧುನಿಕ ಕಲಾ ಸಂಗ್ರಹಾಲಯದಲ್ಲಿ ನವಾಹೋಗಳು ಪ್ರೇಕ್ಷಕರ ಮುಂದೆ ಮರಳುಚಿತ್ರ ಬಿಡಿಸಿದ್ದು, ಮುಂದೆ ಜಾಕ್ಸನ್ ಪೊಲಾಕ್ ನೆಲದ ಮೇಲೆ ಕ್ಯಾನ್ವಾಸ್ ಹಾಸಿ ಬಣ್ಣ ಸುರಿಯುವ ತಮ್ಮ ವಿಧಾನಕ್ಕೆ ಅಮೆರಿಕದ ಪಶ್ಚಿಮ ಭಾಗದ ಮರಳು ಚಿತ್ರಕಾರರನ್ನು ನೆನೆದದ್ದು ಕಲಾ ಇತಿಹಾಸದ ಅಚ್ಚುಮೆಚ್ಚಿನ ಕತೆ. ಪೊಲಾಕ್ ದೊಡ್ಡ ಕಲಾವಿದರು, ಅದರಲ್ಲಿ ತಕರಾರಿಲ್ಲ. ಆದರೆ ಅವರು ಪಡೆದದ್ದು ನೆಲದ ಸುತ್ತ ಓಡಾಡುವ ಸ್ವಾತಂತ್ರ್ಯವನ್ನು. ಒಂದು ಗೆರೆಯೂ ತಪ್ಪಬಾರದ ಮರಳು ಚಿತ್ರಕಾರರಿಗೆ ಆ ಸ್ವಾತಂತ್ರ್ಯ ಇರಲೇ ಇಲ್ಲ.

ಹಾಗಾದರೆ ಚಿತ್ರವನ್ನು ಶಾಶ್ವತವಾಗಿ ಮಾಡಿಡಬಾರದೆಂಬ ಕಟ್ಟಳೆ ಏಕೆ? ಉತ್ತರ ಪರಂಪರೆಯೊಳಗೇ ಇದೆ. ಸೇನೆಯ ವೈದ್ಯರಾಗಿದ್ದ ವಾಷಿಂಗ್ಟನ್ ಮ್ಯಾಥ್ಯೂಸ್ 1902ರಲ್ಲಿ ಪ್ರಕಟಿಸಿದ ನೈಟ್ ಚಾಂಟಿನ ಬೃಹತ್ ಗ್ರಂಥದಲ್ಲಿ ಅದರ ಮೂಲಕಥೆ ಬರುತ್ತದೆ. ದೇವತೆಗಳ ಬಳಿ ಈ ಚಿತ್ರಗಳು ಬಾಳುವ ಹಾಸಿನ ಮೇಲೆಯೇ ಇವೆ. ಕಥಾನಾಯಕನಿಗೆ ಆ ಹಾಸನ್ನು ಬಿಚ್ಚಿ ತೋರಿಸುತ್ತಾರೆ, ಕೊಡಲು ಮಾತ್ರ ಒಪ್ಪುವುದಿಲ್ಲ. ಮನುಷ್ಯರು ನಮ್ಮಷ್ಟು ಒಳ್ಳೆಯವರಲ್ಲ, ಚಿತ್ರಕ್ಕಾಗಿ ಜಗಳಾಡಿ ಅದನ್ನು ಹರಿದಾರು, ಆಮೇಲೆ ಕಾರ್ಮೋಡ ಬಾರದೆ ಮಳೆ ನಿಂತೀತು, ನೀವು ಮರಳಿನಲ್ಲೇ ಬಿಡಿಸಿಕೊಳ್ಳಿ ಎಂಬುದು ಅವರ ಮಾತಿನ ತಾತ್ಪರ್ಯ. ಈ ಭಾಗವನ್ನು ನಿಧಾನವಾಗಿ ಓದಬೇಕು. ದೇವತೆಗಳ ಚಿತ್ರ ಉಳಿಯುತ್ತದೆ, ಆದ್ದರಿಂದ ಉಳಿಯುವುದು ಕೀಳು ಎಂಬ ತತ್ವ ಇಲ್ಲಿಲ್ಲ. ಲೋಕ ನಶ್ವರ ಎಂಬ ಮಾತಿಗಂತೂ ಸುಳಿವೇ ಇಲ್ಲ. ಇರುವುದು ಒಡೆತನದ ಭಯ. ಶಕ್ತಿಯುಳ್ಳ ವಸ್ತುವೊಂದು ಕೈಗೆ ಸಿಕ್ಕರೆ ಮನುಷ್ಯರು ಇದು ನನ್ನದು ಎನ್ನುತ್ತಾರೆ, ಅದರ ದಂಡವನ್ನು ಇಡೀ ನೆಲ ಬರಗಾಲದಲ್ಲಿ ತೆರುತ್ತದೆ. ಮರಳಿನ ಚಿತ್ರವನ್ನು ಯಾರೂ ಹೊತ್ತೊಯ್ಯಲಾರರು. ಅದು ಬೇಕೆಂದರೆ ಕಲಿತವರನ್ನು ಕರೆಯಬೇಕು, ದಕ್ಷಿಣೆ ಕೊಡಬೇಕು, ನೆಂಟರಿಷ್ಟರನ್ನು ಸೇರಿಸಬೇಕು, ಮತ್ತೆ ಮೊದಲಿನಿಂದ ಬಿಡಿಸಬೇಕು. ಜ್ಞಾನ ಜನರ ನಡುವೆಯೇ ಓಡಾಡಿಕೊಂಡಿರಲೆಂದು ಮಾಡಿದ ಕಟ್ಟಳೆ ಇದು.

ಗ್ಯಾರಿ ವಿದರ್‌ಸ್ಪೂನ್ ಅವರ 1977ರ ‘ಲ್ಯಾಂಗ್ವೇಜ್ ಅಂಡ್ ಆರ್ಟ್ ಇನ್ ದ ನವಾಹೋ ಯೂನಿವರ್ಸ್’ ಕೃತಿಯೊಂದಿಗೆ ನನ್ನ ಜಗಳ ಇರುವುದು ಇಲ್ಲಿಯೇ. ನವಾಹೋಗಳೊಂದಿಗೆ ಬಾಳಿ, ಭಾಷೆ ಕಲಿತು ಬರೆದವರು ಅವರು, ಕ್ರಿಯಾಪದಗಳ ಬಗ್ಗೆ ಬರೆದ ಪುಟಗಳು ಈಗಲೂ ಬೆಲೆಯುಳ್ಳವು. ಆದರೆ ನವಾಹೋಗಳಿಗೆ ಸೌಂದರ್ಯವಿರುವುದು ಮಾಡಿದ ವಸ್ತುವಿನಲ್ಲಲ್ಲ, ಮಾಡುವ ಕ್ರಿಯೆಯಲ್ಲಿ ಎಂಬ ಅವರ ಪ್ರಸಿದ್ಧ ವಾದ ಓದುಗರನ್ನು ದಾರಿ ತಪ್ಪಿಸಿದೆ. ಆ ವಾದದಲ್ಲಿ ರೋಗಿಯೂ ಹತಾಲಿಯೂ ಕಲಾವಿದರಾಗುತ್ತಾರೆ, ಅಪಾಯ ಮರೆಗೆ ಸರಿಯುತ್ತದೆ, ಧರ್ಮವೆಲ್ಲ ಸೊಗಸಾಗಿ ಬದುಕುವ ಕಲೆಯಾಗುತ್ತದೆ. ಸೌಂದರ್ಯದಲ್ಲಿ ನಡೆಯುವ ಶಾಂತ ಜನ ಎಂದು ಈಗ ಪೋಸ್ಟರುಗಳ ಮೇಲೆ ಅಚ್ಚಾಗುವ ನವಾಹೋ ಚಿತ್ರಕ್ಕೂ ಈ ಓದಿಗೂ ಬಹಳ ದೂರವಿಲ್ಲ.

ಗ್ಲ್ಯಾಡಿಸ್ ರೈಕಾರ್ಡ್ ಬೇರೆಯದನ್ನೇ ಕಂಡಿದ್ದರು. 1930ರಿಂದ ಗನಾಡೊ ಬಳಿ ಮಿಗೆಲಿಟೊ ಎಂಬ ಹತಾಲಿಯ ಕುಟುಂಬದೊಂದಿಗೆ ಇದ್ದು, ಮಗ್ಗದ ಮುಂದೆ ಕೂತು ನೇಯ್ಗೆ ಕಲಿತ ವಿದುಷಿ ಇವರು. 1944ರಲ್ಲಿ ಪ್ರಾರ್ಥನೆಯ ಬಗ್ಗೆ ಬರೆದ ಚಿಕ್ಕ ಗ್ರಂಥದಲ್ಲಿ ಅವರು ಹೇಳಿದ್ದು ಇಷ್ಟು: ಒಂದು ಪದವೂ ತಪ್ಪದೆ ಹೇಳಿದ ಪ್ರಾರ್ಥನೆ ದೇವತೆಯನ್ನು ಬರಲೇಬೇಕಾದ ಕಟ್ಟಿಗೆ ಸಿಲುಕಿಸುತ್ತದೆ. 1950ರ ‘ನವಾಹೋ ರಿಲಿಜನ್’ನಲ್ಲಿ ಒಲಿಸಬಹುದಾದ ದೇವತೆಗಳಿದ್ದಾರೆ, ನಂಬಿ ಕೂರಲಾಗದವರಿದ್ದಾರೆ, ಏನು ಕೊಟ್ಟರೂ ಒಲಿಯದವರೂ ಇದ್ದಾರೆ. ಇಂಥ ಲೋಕದಲ್ಲಿ ಗೆರೆ ತಪ್ಪುವುದೆಂದರೆ ರೋಗಿಗೆ ಕೇಡು. ಮರಳುಚಿತ್ರದ ಅಷ್ಟೊಂದು ನಿಖರತೆಗೆ ಸಮರ್ಪಕವಾದ ಕಾರಣ ನನಗೆ ಸಿಕ್ಕಿದ್ದು ಇವರಲ್ಲಿ ಮಾತ್ರ. ಭಾಷಾವಿಜ್ಞಾನಿ ಎಡ್ವರ್ಡ್ ಸಪೀರ್ ಮತ್ತು ಅವರ ಶಿಷ್ಯವರ್ಗ ರೈಕಾರ್ಡರ ಭಾಷಾಕೆಲಸವನ್ನು ಹಗುರವಾಗಿ ಕಂಡಿತು. ನವಾಹೋ ಮಾತಿನ ಧ್ವನಿಗಳನ್ನು ಬರೆದಿಡುವ ಬಗ್ಗೆ ನಡೆದ ಆ ಜಗಳದಲ್ಲಿ ರೈಕಾರ್ಡ್ ಧರ್ಮದ ಬಗ್ಗೆ ಕಂಡ ಸತ್ಯವೂ ಮೂಲೆಗೆ ಬಿತ್ತು. ಇದು ಅನ್ಯಾಯ. ‘ನವಾಹೋ ರಿಲಿಜನ್’ ಒಣ ಪುಸ್ತಕ, ಪಟ್ಟಿಗಳ ರಾಶಿ, ನಿಜ. ಆ ಪಟ್ಟಿಗಳೊಳಗೆ ಭಯವಿದೆ, ಎಚ್ಚರವಿದೆ, ಹರಸಾಹಸವಿದೆ.

ಆದರೂ ಚಿತ್ರಗಳನ್ನು ಕಾಗದಕ್ಕಿಳಿಸಿ ಅಚ್ಚು ಹಾಕಿಸಿದವರಲ್ಲಿ ರೈಕಾರ್ಡರೂ ಒಬ್ಬರು. ಫ್ರಾಂಕ್ ನ್ಯೂಕೂಂಬ್ ಅವರೊಂದಿಗೆ ಶೂಟಿಂಗ್ ಚಾಂಟ್ ಎಂಬ ಇನ್ನೊಂದು ಚಿಕಿತ್ಸಾ ಆಚರಣೆಯ ಮರಳುಚಿತ್ರಗಳ ಗ್ರಂಥ 1937ರಲ್ಲಿ ಬಂತು. ಅದಕ್ಕೂ ಮುಂಚೆ, 1919ರ ಹೊತ್ತಿಗೆ, ಹಾಸ್ಟೀನ್ ಕ್ಲಾ ಎಂಬ ಮಹಾನ್ ಹತಾಲಿ ಮರಳುಚಿತ್ರವನ್ನು ಉಣ್ಣೆಯಲ್ಲಿ ನೇಯಲು ತೊಡಗಿದ್ದರು. ಸುತ್ತಲಿನವರು ಹೆದರಿದರು, ಕೇಡು ತಟ್ಟುತ್ತದೆ ಎಂದರು. ಕ್ಲಾ ನಿಲ್ಲಿಸಲಿಲ್ಲ, ಸೋದರಸೊಸೆಯರಿಗೂ ಕಲಿಸಿದರು. ವಿದ್ಯೆ ಕಲಿಯುತ್ತಿದ್ದ ಶಿಷ್ಯ ತಮಗಿಂತ ಮುಂಚೆಯೇ ತೀರಿಕೊಂಡಾಗ ತಮ್ಮ ಅರಿವನ್ನು ಮೇರಿ ಕ್ಯಾಬಟ್ ವೀಲ್‌ರೈಟ್ ಸಾಂಟಾ ಫೆಯಲ್ಲಿ ಕಟ್ಟಿಸುತ್ತಿದ್ದ ಸಂಗ್ರಹಾಲಯಕ್ಕೆ ಒಪ್ಪಿಸಿದರು. ಅವರ ಸಂಕಟವನ್ನು ಅಲ್ಲಗಳೆಯುವ ಹಕ್ಕು ನನಗಿಲ್ಲ, ಆ ಜಮಖಾನೆಗಳ ನೇಯ್ಗೆಯ ಮುಂದೆ ಎರಡನೆಯ ಮಾತೂ ಇಲ್ಲ. ಆದರೆ ಅವು ಮರಳುಚಿತ್ರಗಳಲ್ಲ. ಅವುಗಳ ಮೇಲೆ ಯಾರೂ ಕೂರುವುದಿಲ್ಲ, ಅವುಗಳಿಂದ ಯಾರ ಮೈಗೂ ಏನೂ ದಾಟುವುದಿಲ್ಲ. ಮಾರಾಟಕ್ಕೆಂದು ಹಲಗೆಯ ಮೇಲೆ ಅಂಟಿನಿಂದ ಮರಳುಚಿತ್ರ ಮಾಡುವ ನವಾಹೋ ಕುಶಲಕರ್ಮಿಗಳಿಗೆ ಈ ಭೇದ ಚೆನ್ನಾಗಿ ಗೊತ್ತು. ಬಣ್ಣವನ್ನೋ ಆಕೃತಿಯನ್ನೋ ಬೇಕೆಂದೇ ಬದಲಿಸುವ ಅವರ ರೂಢಿಯನ್ನು ನ್ಯಾನ್ಸಿ ಪರೇಜೊ 1983ರ ತಮ್ಮ ಪುಸ್ತಕದಲ್ಲಿ ದಾಖಲಿಸಿದ್ದಾರೆ. ಕಲಾವಿಮರ್ಶಕರಿಗಿಂತ ಈ ಕುಶಲಕರ್ಮಿಗಳೇ ಸೂಕ್ಷ್ಮಜ್ಞರು.

ದೇವತೆಗಳು ಹೆದರಿದ ಜಗಳವೂ ಬಂದೇ ಬಂತು. ವೀಲ್‌ರೈಟ್ ಕಟ್ಟಿಸಿದ ಆ ಸಂಗ್ರಹಾಲಯ ತನ್ನಲ್ಲಿದ್ದ ಹತಾಲಿಗಳ ಪವಿತ್ರ ಗಂಟುಗಳನ್ನು 1977ರಲ್ಲಿ ನವಾಹೋಗಳಿಗೆ ಹಿಂದಿರುಗಿಸಿತು. ಗಂಟು ಆಚರಣೆಯಲ್ಲಿ ಬಳಸುವ ವಸ್ತು, ಮರಳಿ ಹತಾಲಿಯ ಕೈ ಸೇರಿದರೆ ಅದಕ್ಕೆ ಕೆಲಸವಿದೆ. ಪುಸ್ತಕಗಳಲ್ಲಿ ಅಚ್ಚಾಗಿ ಊರೂರಿಗೆ ಹೋದ ಚಿತ್ರಗಳಿಗೆ ಇಂಥ ಹಿಂದಿರುಗುವ ದಾರಿಯಿಲ್ಲ. ಅವುಗಳನ್ನು ತಿರುವಿಹಾಕುತ್ತಲೇ ನಾವು ನವಾಹೋಗಳ ನಿರ್ಮೋಹವನ್ನು ಮೆಚ್ಚುತ್ತಿದ್ದೇವೆ.